ಹೀರೋ ಬದಲಾದ, ಆ ಮನಷ್ಯಾ ಬದಲಾಗಲಿಲ್ಲ

1/8

ಮೊದಲ ಫೋಟೋ ನೋಡ್ರಿ, ಆಮ್ಯಾಲ ಕ್ಯಾಪ್ಶನ್ ಓದ್ರಿ. ನಮ್ಮ ಚಚಡಿಯೊಳಗ ಜಾತ್ರಿಗೆ ಆಡಿದ ಕಿತ್ತೂರು ಚೆನ್ನಮ್ಮ ನಾಟಕದ ಗ್ರೂಪ್ ಫೋಟೋ ಇದು. ನಡುವ ಚೆನ್ನಮ್ಮ. ಆಕಿ ಬಲಕ್ಕ ಸಂಗೊಳ್ಳಿ ರಾಯಣ್ಣ, ಎಡಕ್ಕ ಅಮಟೂರ ಬಾಳಪ್ಪ. ಹಿಂದ ಹಾರ್ಮೋನಿಯಂ ಮಾಸ್ತರು, ಕಮಿಟಿ ಹಿರಿಯರು, ಅವರ ಮೊಮ್ಮಕ್ಕಳು, ಮತ್ತ ನಾಟಕಕ್ಕ ಏನೇನೂ ಸಂಬಂಧ ಇಲ್ಲದ ನಾಲ್ಕ ಮಂದಿ. ಈಗ ಝೂಮ್ ಮಾಡಿ ಎಡಗಡೆ ಅಂಚಿಗೆ ಬರ್ರಿ. ಕೆಂಪ ಕೋಟಿನ ಒಂದು ಮೊಣಕೈ ಕಾಣತೈತಿ ನೋಡ್ರಿ. ಅಷ್ಟ ಕಾಣತೈತಿ.

ಆ ಮೊಣಕೈ ನಮ್ಮ ದೊಡ್ಡ ಮಾಮಾಂದು.

ಮಾಮಾ ಹತ್ತೊಂಬತ್ತ ವರ್ಷ ಥ್ಯಾಕರೆ ಪಾತ್ರ ಮಾಡಿದಾಂವ. ಥ್ಯಾಕರೆ ಅಂದ್ರ ಯಾರಂತ ನಮ್ಮ ಕಡೆ ಹುಡುಗರಿಗೆ ಹೇಳೋದು ಬೇಕಾಗಿಲ್ಲ, ಆದ್ರ ಈ ಪೇಜಿಗೆ ಬ್ಯಾರೆ ಜಿಲ್ಲಾದವರೂ ಬಂದೀರಿ. ಧಾರವಾಡದ ಕಲೆಕ್ಟರ್ ಆಗಿದ್ದ ಇಂಗ್ಲಿಷರ ಅಧಿಕಾರಿ. 1824ರ ಅಕ್ಟೋಬರ್ 23ಕ್ಕ ಕಿತ್ತೂರು ಕೋಟೆ ಮುಂದ ಸತ್ತ. ಗುಂಡು ಹೊಡದಾಂವ ಅಮಟೂರ ಬಾಳಪ್ಪ. ನಮ್ಮೂರ ನಾಟಕದಾಗ ಆ ಗುಂಡು ತಿಂದು ಬೀಳೋದು ನಮ್ಮ ಮಾಮಾನ ಕೆಲಸ.

ಈ ಶ್ರಾವಣದಾಗ ಮಾಮಾ ತೀರಿಕೊಂಡ. ಶ್ರದ್ಧಾಂಜಲಿ ಬ್ಯಾನರಿಗೆ ಫೋಟೋ ಬೇಕಾತು. ಅತ್ತಿ ಒಂದ ಮಾತ ಹೇಳಿದ್ಲು, "ನಾಟಕದ ವೇಷದಾಗಿಂದು ಇದ್ರ ಹಾಕ್ರಪಾ, ಅದ ಅವ್ರಿಗೆ ಭಾಳ ಸೇರತಿತ್ತು." ಮೂರ ಮನಿ, ಹನ್ನೊಂದ ಮೊಬೈಲ್, ಕಮಿಟಿಯವರ ಪೆನ್‌ಡ್ರೈವ್ ಎಲ್ಲಾ ಹುಡುಕಿದ್ವಿ. ಹತ್ತೊಂಬತ್ತ ವರ್ಷ ಸ್ಟೇಜ್ ಹತ್ತಿದ ಮನಷ್ಯಾನ ಒಂದ ಪೂರಾ ಫೋಟೋ ಸಿಗಲಿಲ್ಲ. ಕಡೀಕ ಬ್ಯಾನರ್ ಮ್ಯಾಲ ಹಾಕಿದ್ದು ಆಧಾರ್ ಕಾರ್ಡಿನ ಫೋಟೋ. ಆಧಾರ್ ಫೋಟೋದಾಗ ಯಾರರೆ ಮನಷ್ಯಾರಂಗ ಕಾಣತಾರೇನ್ರಿ?

ಈ ಸಿಟ್ಟಿನ್ಯಾಗ ಬರಿಯಾಕತ್ತೀನಿ. ಆದ್ರ ಮಾಮಾನ ಬಗ್ಗೆ ಹೇಳಬೇಕಾದ್ರ ನಾನು ನಿಮ್ಮನ್ನ ಒಮ್ಮೆ ಜಪಾನಿಗೆ ಕರ್ಕೊಂಡ ಹೋಗಬೇಕು. ನಗಬ್ಯಾಡ್ರಿ, ಕಾರಣ ಐತಿ.

2/8

ಮಾಮಾಂದು ಮೋಟರ್ ವೈಂಡಿಂಗ್ ಅಂಗಡಿ. ಬೋರಿನ ಮೋಟರ್ ಸುಟ್ಟಿತಂದ್ರ ಸುತ್ತಲಿನ ಹಳ್ಳಿಯವರು ಅಲ್ಲೇ ತರತಿದ್ರು. ಅಂಗಡಿ ಮೂಲಿಯೊಳಗ ಸಣ್ಣ ಟಿವಿ ಇತ್ತು. ಸಾಲಿ ಬಿಟ್ಟ ಮ್ಯಾಲ ನಾನು ಅಲ್ಲೇ ಕುಂಡ್ರಾಂವ. ಕನ್ನಡದಾಗ ಚಿಂಟು ಟಿವಿ ಬರತಿತ್ತು, ಜಾಕಿ ಚಾನ್ ಕಾರ್ಟೂನ್ ನಿಮಗೂ ನೆನಪಿರಬೇಕು. ಹಿಂದಿಯೊಳಗ ಪವರ್ ರೇಂಜರ್ಸ್. ಕೆಂಪ, ನೀಲಿ, ಹಳದಿ ವೇಷ ಹಾಕ್ಕೊಂಡು ಕಿಡಿ ಹಾರಿಸಿ ಹೊಡದಾಡ್ತಿದ್ರಲ್ಲಾ, ಅದ. ಹಿಂದಿ ಅರ್ಧಾ ತಿಳೀತಿತ್ತು, ಹೊಡೆತ ಪೂರಾ ತಿಳೀತಿತ್ತು.

ದೊಡ್ಡಾಂವ ಆದ ಮ್ಯಾಲ ಒಂದ ವಿಷಯ ಗೊತ್ತಾಗಿ ತಲಿ ತಿರುಗಿತು. ಪವರ್ ರೇಂಜರ್ಸ್ ಮೂಲದಾಗ ಜಪಾನಿಂದು. 1992ರಾಗ ಅಲ್ಲಿ ತೋಯೆಯ್ ಕಂಪನಿ ಝ್ಯೂರೇಂಜರ್ ಅಂತ ಒಂದು ಸೀರಿಯಲ್ ಮಾಡಿತ್ತು. 1993ರಾಗ ಅಮೆರಿಕಾದವರು ಅದರ ಹಕ್ಕು ತಗೊಂಡು ಪವರ್ ರೇಂಜರ್ಸ್ ಮಾಡಿದ್ರು. ಹೆಂಗ ಮಾಡಿದ್ರು ಕೇಳ್ರಿ. ಮುಖವಾಡ ಹಾಕ್ಕೊಂಡು ಹೊಡದಾಡೋ ಸೀನ್ ಜಪಾನಿಂದ ಇಟ್ಕೊಂಡ್ರು. ಮುಖ ಕಾಣೋ ಸೀನ್ ತಗದು, ಅಲ್ಲಿ ಅಮೆರಿಕಾದ ಹುಡುಗರನ್ನ ಹಾಕಿ ಹೊಸದಾಗಿ ಶೂಟ್ ಮಾಡಿದ್ರು.

ಅಂದ್ರ ಮುಖವಾಡಕ್ಕ ವೀಸಾ ಸಿಕ್ಕಿತು, ಮುಖಕ್ಕ ಸಿಗಲಿಲ್ಲ.

ವ್ಯಾಪಾರದ ಲೆಕ್ಕದಾಗ ಇದು ಶಾಣ್ಯಾ ಕೆಲಸ, ನಾನು ಬಿಕಾಂ ಹುಡುಗ, ಒಪ್ಪತೀನಿ. ಹೊಡದಾಟ ಮತ್ತ ರಾಕ್ಷಸರ ಸೀನಿಗೆ ಖರ್ಚು ಜಾಸ್ತಿ, ಅದನ್ನ ರೆಡಿ ತಗೊಂಡ್ರ ಉಳಿತಾಯ. ಆದ್ರ ಆ ಕತ್ತರಿಯೊಳಗ ಏನ ಹೋತು ಅನ್ನೋದು ನನಗ ಈ ಸೂಟಿಯೊಳಗ ತಿಳೀತು. ಹಳೇ ಜಪಾನಿ ಸೀರಿಯಲ್ ಒಂದೊಂದ ಯೂಟ್ಯೂಬಿನ್ಯಾಗ ಸಿಗತಾವು, ಕೆಳಗ ಇಂಗ್ಲಿಷ್ ಅಕ್ಷರ ಓದಿ ನೋಡಾಕ ಹತ್ತಿದೆ. ನೋಡತಾ ನೋಡತಾ ಒಬ್ಬ ಮನಷ್ಯಾ ಕಣ್ಣಿಗೆ ಬಿದ್ದ. ಆಂವಗ ಮುಖವಾಡ ಇಲ್ಲ, ಶಕ್ತಿ ಇಲ್ಲ. ಹಾರೂದಿಲ್ಲ, ಜಿಗಿಯೂದಿಲ್ಲ. ಆದ್ರ ಒಂದ ಸೀರಿಯಲ್ ಮುಗದು ಇನ್ನೊಂದ ಹಚ್ಚಿದ್ರ ಅಲ್ಲೂ ಅಂವನ ಇದ್ದ.

3/8

ಹೆಸರು ಅಕಿಜಿ ಕೊಬಾಯಾಶಿ. 1930ರಾಗ ಹುಟ್ಟಿದಾಂವ.

1966ರ ಜುಲೈದಾಗ ಜಪಾನದ ಟಿವಿಯೊಳಗ ಅಲ್ಟ್ರಾಮ್ಯಾನ್ ಸುರುವಾತು. ಒಟ್ಟ 39 ಕಂತು. ಗಾಡ್ಜಿಲ್ಲಾ ಸಿನಿಮಾದ ಮಾಯಾ ಮಾಡಿದ ಎಯ್‌ಜಿ ತ್ಸುಬುರಾಯಾ ಅವರ ಕಂಪನಿ ಮಾಡಿದ್ದು. ಕಥಿ ಸರಳ ಐತಿ: ಪ್ರತಿ ವಾರ ಒಂದ ದೊಡ್ಡ ಪ್ರಾಣಿ ಬರತೈತಿ, ಭೂಮಿ ಕಾಯೋ ಒಂದು ತಂಡ ಐತಿ, ಆ ತಂಡದಾಗಿನ ಹಯಾತಾ ಅನ್ನೋ ಹುಡುಗ ಯಾರಿಗೂ ಗೊತ್ತಿಲ್ಲದಂಗ ಅಲ್ಟ್ರಾಮ್ಯಾನ್ ಆಗತಾನ. ಆ ತಂಡದ ಕ್ಯಾಪ್ಟನ್ ಮುರಾಮಾತ್ಸು, ನಮ್ಮ ಕೊಬಾಯಾಶಿ. ಬಾಯಾಗ ಪೈಪ್, ಮುಖದಾಗ ಗಡಿಬಿಡಿ ಇಲ್ಲ. ಹಯಾತಾ ಆಗಿ ಸುಸುಮು ಕುರೊಬೆ. ಆ ಬೆಳ್ಳಿ-ಕೆಂಪು ವೇಷದ ಒಳಗ ಬಿನ್ ಫುರುಯಾ ಅನ್ನೋ ಬ್ಯಾರೆ ಹುಡುಗ.

ಫುರುಯಾನ ಬಗ್ಗೆ ಒಂದ ಮಾತ ಹೇಳೇ ಮುಂದ ಹೋಗತೀನಿ. ಆ ರಬ್ಬರ್ ವೇಷದಾಗ ಬೆವತು 39 ಕಂತು ಮಾಡಿದ, ಮುಖ ಒಮ್ಮಿ ಕಾಣಲಿಲ್ಲ. ಮುಂದಿನ ಅಲ್ಟ್ರಾಸೆವೆನ್ ಸೀರಿಯಲ್‌ದಾಗ ಅವಗ ಅಮಾಗಿ ಅನ್ನೋ ತಂಡದ ಸದಸ್ಯನ ಪಾತ್ರ ಸಿಕ್ಕಿತು, ವೇಷ ಇಲ್ಲದ ಸ್ವಂತ ಮುಖದ್ದು. ಅದನ್ನ ಓದಿದಾಗ ನನಗ ಯಾಕೋ ಭಾಳ ಸಮಾಧಾನ ಆತು.

ಈಗ ಲೆಕ್ಕಕ್ಕ ಬರ್ರಿ. ಅಲ್ಟ್ರಾಮ್ಯಾನ್ ಭೂಮಿ ಮ್ಯಾಲ ಮೂರೇ ನಿಮಿಷ ನಿಲ್ಲತಾನ ಅಂತ ಕಥಿಯೊಳಗ ನಿಯಮ ಐತಿ. ಎದಿ ಮ್ಯಾಲಿನ ದೀಪ ನೀಲಿಯಿಂದ ಕೆಂಪ ಆಗಿ ಬಡಕೊಂತೈತಿ. ಅರ್ಧಾ ತಾಸಿನ ಸೀರಿಯಲ್‌ದಾಗ ಸೂಪರ್‌ಹೀರೋ ಇರೋದು ಮೂರ್ನಾಲ್ಕ ನಿಮಿಷ. ಉಳಿದ ಹೊತ್ತು ಯಾರು ಎಳೀತಾರ? ಈ ಮನಷ್ಯಾರು. ಅದೂ ಏನ ನೋಡಿ ಎಳೀತಾರ? ಪ್ರಾಣಿ ಅಲ್ಲಿ ಇಲ್ಲೇ ಇಲ್ಲ. ಪ್ರಾಣಿ ಸೀನು ಬ್ಯಾರೆ ಸೆಟ್ಟಿನ್ಯಾಗ, ಸಣ್ಣ ಸಣ್ಣ ಮನಿ ಕಟ್ಟಿ, ಬ್ಯಾರೆ ದಿನ ತಗೀತಾರ. ಕೊಬಾಯಾಶಿ ಬರೇ ಆಕಾಶ ನೋಡಿ, ಅಲ್ಲಿ ಐವತ್ತ ಅರವತ್ತ ಗಜದ ಜೀವ ನಿಂತೈತಿ ಅಂತ ನಮ್ಮನ್ನ ನಂಬಸಬೇಕು. ಆಂವ ನಂಬಿದ್ರ ನಾವು ನಂಬತೀವಿ. ಆಂವಗ ನಗು ಬಂತಂದ್ರ ಇಡೀ ಸೀರಿಯಲ್ ರಬ್ಬರಿನ ಗೊಂಬಿ ಆಟ.

ನೀವ ಹಸಿರ ಪರದೆ ಮುಂದ ರೀಲ್ಸ್ ಮಾಡಿದವರಿದ್ರ ಗೊತ್ತಿರತೈತಿ, ಇಲ್ಲದ್ದನ್ನ ನೋಡೋದು ಎಷ್ಟ ಕಷ್ಟ ಅಂತ.

4/8

1971ರ ಏಪ್ರಿಲ್‌ದಾಗ ಕಾಮೆನ್ ರೈಡರ್ ಬಂತು. ಶೋತಾರೊ ಇಶಿನೊಮೊರಿ ಅನ್ನೋ ಚಿತ್ರಕಾರ ಹುಟ್ಟಿಸಿದ ಕಥಿ. ತಾಕೇಶಿ ಹೊಂಗೊ ಅಂತ ಬೈಕ್ ರೇಸಿನ ಕಾಲೇಜ್ ಹುಡುಗನ್ನ ದುಷ್ಟರ ಗುಂಪು ಹಿಡದು, ಮೈ ಕೊಯ್ದು, ಮಿಡತಿ ಶಕ್ತಿ ತುಂಬತಾರ. ಬುದ್ಧಿ ಬದಲ ಮಾಡೋದ್ರೊಳಗ ಆಂವ ತಪ್ಪಿಸಿಕೊಂಡು ಬರತಾನ. ಈಗ ಆಂವ ಪೂರಾ ಮನಷ್ಯಾನೂ ಅಲ್ಲ. ಯಾರಿಗೆ ಹೇಳಬೇಕು? ಯಾರು ನಂಬತಾರ?

ಹೇಳಿದ್ದು ತನ್ನ ರೇಸಿನ ಗುರು ತೊಬೇಯ್ ತಾಚಿಬಾನಾಗ. ನಂಬಿದ್ದೂ ಅವನ. ಆ ಗುರುನ ಪಾತ್ರ ಕೊಬಾಯಾಶಿದು. ಒಂದ ಸಣ್ಣ ಕಾಫಿ ಅಂಗಡಿ ಇಟ್ಕೊಂಡಿರತಾನ, ಮುಂದ ರೇಸಿಂಗ್ ಕ್ಲಬ್ ಮಾಡತಾನ. ಬೈಕ್ ರಿಪೇರಿ, ಬೈಗುಳ, ಊಟ, ತಾಲೀಮು ಎಲ್ಲಾ ಅಲ್ಲೇ. ಹುಡುಗರು ಆಂವನ್ನ ಹೆಸರ ಹಿಡದು ಕರೆಯೂದಿಲ್ಲ. ಓಯಾಸ್ಸಾನ್ ಅಂತಾರ. ಜಪಾನಿಯೊಳಗ ಅದು ಅಪ್ಪನ್ನ, ಅಪ್ಪನಂಥ ಯಜಮಾನನ್ನ ಸಲಿಗಿಯಿಂದ ಕರೆಯೋ ಮಾತು. ನಾನು ಅಂಗಡಿ ನೋಡಿದೆ, ಎಣ್ಣಿ ಹತ್ತಿದ ಕೈ ನೋಡಿದೆ, ಬೈಗುಳ ಕೇಳಿದೆ, ಮನಸಿನ್ಯಾಗ "ಮಾಮಾ" ಅಂತ ಭಾಷಾಂತರ ಆಗಿಬಿಡ್ತು.

ಆಮ್ಯಾಲ ನಡೆದಿದ್ದು ನಿಜವಾದ ಆಪತ್ತು, ಕಥಿಯೊಳಗಿಂದಲ್ಲ. ಹೀರೋ ಹಿರೋಶಿ ಫುಜಿಯೋಕಾ ಬೈಕ್ ಸಾಹಸ ತಾನ ಮಾಡತಿದ್ದ. ಸೀರಿಯಲ್ ಇನ್ನೂ ಹೊಸಾದು, ಶೂಟಿಂಗ್‌ದಾಗ ಬೈಕಿಂದ ಬಿದ್ದು ಕಾಲು ಮುರೀತು. ತಿಂಗಳಗಟ್ಟಲೆ ಆಸ್ಪತ್ರಿ. ಹೀರೋನ ಇಲ್ಲದ ಸೀರಿಯಲ್ ಏನ ಮಾಡೋದು? ಹಳೇ ಸೀನು ಜೋಡಿಸಿ ಕೆಲವು ವಾರ ತಳ್ಳಿದ್ರು. 14ನೇ ಕಂತಿಗೆ ತಾಕೇಶಿ ಸಾಸಾಕಿ ಅನ್ನೋ ಹೊಸ ನಟ, ಎರಡನೇ ರೈಡರ್ ಅಂತ ಬಂದ. ಇವತ್ತ ಜಗತ್ತಿಗೆ ಗೊತ್ತಿರೋ ಆ ಕೈ ತಿರುವಿ ಪೋಸ್ ಕೊಟ್ಟು ರೂಪ ಬದಲಸೋ ಸ್ಟೈಲ್ ಐತಲ್ಲಾ, ಅದು ಈ ಎರಡನೇ ರೈಡರ್ ಜೋಡಿ ಸುರುವಾದದ್ದು. ಜಪಾನದ ಹುಡುಗರೆಲ್ಲಾ ಓಣಿಯೊಳಗ ಅದನ್ನ ಮಾಡಾಕ ಹತ್ತಿದ್ರು. ಮೂಲ ಹೀರೋ ಖಾಯಂ ಆಗಿ ತಿರುಗಿ ಬಂದಿದ್ದು 53ನೇ ಕಂತಿಗೆ.

ಎಲ್ಲಾರೂ ಈ ಕಥಿಯನ್ನ ಫುಜಿಯೋಕಾನ ಧೈರ್ಯ, ಸಾಸಾಕಿಯ ಅದೃಷ್ಟ ಅಂತ ಹೇಳತಾರ. ಇರ್ಲಿ, ಖರೇನ ಐತಿ. ಆದ್ರ 14ನೇ ಕಂತು ನೋಡೋ ಎಂಟ ವರ್ಷದ ಹುಡುಗ ಏನ ನೋಡಿ ಹೊಸ ಹೀರೋನ ಒಪ್ಪಿಕೊಂಡ? ಮುಖ ಬದಲಾಗಿತ್ತು, ದನಿ ಬದಲಾಗಿತ್ತು. ಬದಲಾಗದೇ ಇದ್ದದ್ದು ಆ ಗುರು. ಆಂವ ಹೊಸ ಹುಡುಗನ ಬಾಜೂ ನಿಂತ, ನೋಡೋರೂ ನಿಂತ್ರು.

5/8

ಇದು ಒಮ್ಮಿ ಆಗಿದ್ರ ನಾನು ಇಷ್ಟ ಬರೀತಿರಲಿಲ್ಲ.

ಕಾಮೆನ್ ರೈಡರ್ 98 ಕಂತು ನಡದು 1973ರ ಫೆಬ್ರವರಿಯೊಳಗ ಮುಗೀತು. ಮುಂದಿನ ವಾರ ವಿ3 ಅಂತ ಹೊಸ ಸರಣಿ, ಹೊಸ ಹೀರೋ. ಆಮ್ಯಾಲ ಎಕ್ಸ್. ಆಮ್ಯಾಲ ಅಮೆಜಾನ್. ಆಮ್ಯಾಲ ಸ್ಟ್ರಾಂಗರ್, 1975ರ ಡಿಸೆಂಬರ್ ತನಕ. ಐದ ಸರಣಿ, ಕೂಡಿಸಿದ್ರ 248 ಕಂತು, ಆರ ಮಂದಿ ಹೀರೋ. ಐದರೊಳಗೂ ತೊಬೇಯ್ ತಾಚಿಬಾನಾ ಒಬ್ಬನ. ಹೊಸ ಹುಡುಗ ಬರತಾನ, ಜಗಳ ಆಡತಾನ, ಈ ಮನಷ್ಯಾ ಮತ್ತ ಮೊದಲಿಂದ ಸುರು ಮಾಡತಾನ. ಅಮೆಜಾನ್ ಅಂತೂ ಕಾಡಿನ್ಯಾಗ ಬೆಳದ ಹುಡುಗ, ಮಾತು ಸೈತ ಬರೂದಿಲ್ಲ.

ಕೊಬಾಯಾಶಿ ಬಿಟ್ಟ ಮ್ಯಾಲ ಏನಾತು ಗೊತ್ತೇನ್ರಿ? 1979ರಾಗ ರೈಡರ್ ಸರಣಿ ತಿರುಗಿ ಸುರು ಮಾಡಿದಾಗ ಅದ ಕುರ್ಚಿಗೆ ಒಬ್ಬ ಬೇಕಾದ. ಗೆಂಜಿರೊ ತಾನಿ ಅಂತ ಹೊಸ ಹೆಸರಿನ ಪಾತ್ರ ಮಾಡಿ ನೊಬುವೊ ತ್ಸುಕಾಮೊತೊ ಅನ್ನೋ ನಟನ್ನ ಕುಂಡರಿಸಿದ್ರು. ಅವನೂ ಇದಕ್ಕಿಂತ ಮೊದಲ ಒಂದು ಅಲ್ಟ್ರಾಮ್ಯಾನ್ ಸರಣಿಯೊಳಗ ಕ್ಯಾಪ್ಟನ್ ಆಗಿದ್ದಾಂವ! ಅಂದ್ರ ಸೀರಿಯಲ್ ಮಾಡೋರಿಗೆ ಪೂರಾ ಗೊತ್ತಿತ್ತು, ಮುಖವಾಡದಾಂವನ ಬಾಜೂ ಬರೇ ಮುಖದ ಒಬ್ಬ ನಂಬಿಗಸ್ತ ಮನಷ್ಯಾ ಇರದಿದ್ರ ಆಟ ನಡೆಯೂದಿಲ್ಲ ಅಂತ. ಗೊತ್ತಿಲ್ಲದಿದ್ದದ್ದು ನಮಗ, ಪೋಸ್ಟರ್ ನೋಡೋರಿಗೆ.

ಕೊಬಾಯಾಶಿ ಇವೆರಡ ಮಾಡಿ ಕುಂತಾಂವ ಅಲ್ಲ. ಕೊನ್ ಇಚಿಕಾವಾ ಅನ್ನೋ ದೊಡ್ಡ ನಿರ್ದೇಶಕನ 1976ರ ಇನುಗಾಮಿ ಫ್ಯಾಮಿಲಿ ಸಿನಿಮಾದಾಗ ಅದಾನ. ಹಾಲಿವುಡ್ಡಿನ ಜಾನ್ ವೇಯ್ನ್ ಸಿನಿಮಾ ಜಪಾನಿಗೆ ಡಬ್ ಆದಾಗ ಜಾನ್ ವೇಯ್ನ್‌ಗ ದನಿ ಕೊಟ್ಟಾಂವ ಇವನ. ಅಲ್ಲೂ ನೋಡ್ರಿ, ಪರದೆ ಮ್ಯಾಲ ಬ್ಯಾರೆಯವರ ಮುಖ, ಹಿಂದ ಇವನ ದನಿ. 1996ರ ಆಗಸ್ಟ್ 27ಕ್ಕ ಕ್ಯಾನ್ಸರ್‌ನಿಂದ ತೀರಿಕೊಂಡ. 65 ವರ್ಷ.

ನೀವ ಕೇಳಬಹುದು, "ಇಷ್ಟ ದೂರದಾಂವನ ಕಥಿ ಯಾಕ? ನಮ್ಮಲ್ಲಿ ಇಲ್ಲೇನು?" ಅದಾರ. ನಮ್ಮ ಅಣ್ಣಂದಿರು ಶಕ್ತಿಮಾನ್ ನೋಡಿ ಬೆಳದವರು, 1997ರಿಂದ ದೂರದರ್ಶನದಾಗ. ಶಕ್ತಿಮಾನ್ ಯಾರು ಅಂದ್ರ ಮುಕೇಶ್ ಖನ್ನಾ ಅಂತ ಎಲ್ಲಾರೂ ಹೇಳತಾರ. ಕಿಲ್ವಿಷ್ ಯಾರು? ಕತ್ತಲಿಗೆ ಜೈ ಅನ್ನೋ ಆ ದೊಡ್ಡ ಶತ್ರು? ಹೆಸರು ಸುರೇಂದ್ರ ಪಾಲ್. ಬಿ. ಆರ್. ಚೋಪ್ರಾ ಅವರ ಮಹಾಭಾರತದ ದ್ರೋಣಾಚಾರ್ಯ ಆಂವನ, ಮುಕೇಶ್ ಖನ್ನಾ ಅದರೊಳಗ ಭೀಷ್ಮ. 1991ರ ಚಾಣಕ್ಯ ಸೀರಿಯಲ್‌ದಾಗ ಅಮಾತ್ಯ ರಾಕ್ಷಸನೂ ಆಂವನ. ಕುರುಕ್ಷೇತ್ರದಾಗ ಒಂದ ಕಡೆಯ ಸೇನಾಪತಿಗಳು, ಶಕ್ತಿಮಾನ್‌ದಾಗ ಎದರಾಬದರ. ಹತ್ತ ಮಂದಿಗೆ ಕೇಳಿದೆ ನಾನು, ಕ್ಲಾಸಿನ್ಯಾಗ. ಮುಕೇಶ್ ಖನ್ನಾ ಹತ್ತೂ ಮಂದಿಗೆ ಗೊತ್ತು. ಸುರೇಂದ್ರ ಪಾಲ್ ಒಬ್ಬಾಂವಗ, ಅದೂ ಮೊಬೈಲ್ ತಗದ ಮ್ಯಾಲ.

6/8

ನಿಮಗ ಒಂದ ಅಕೌಂಟ್ಸ್ ಪಾಠ. ಬ್ಯಾರೆ ಕೋರ್ಸಿನವರು ಸಹಿಸ್ಕೋರಿ.

ಪಾರ್ಟನರ್‌ಶಿಪ್ ಲೆಕ್ಕದಾಗ ಗುಡ್‌ವಿಲ್ ಅಂತ ಒಂದ ಬರತೈತಿ. ಕಣ್ಣಿಗೆ ಕಾಣೂದಿಲ್ಲ, ಕೈಗೆ ಸಿಗೂದಿಲ್ಲ, ಆದ್ರ ಅಂಗಡಿ ನಡೆಯೋದು ಅದರ ಮ್ಯಾಲ. ಮಂದಿ ಅಲ್ಲೇ ಯಾಕ ಬರತಾರ, ಬಾಜೂ ಅಂಗಡಿಗೆ ಯಾಕ ಹೋಗೂದಿಲ್ಲ, ಅದ ಗುಡ್‌ವಿಲ್. ನಿಯಮ ಹೆಂಗೈತಿ ಅಂದ್ರ, ನೀವ ದುಡದು ಗಳಿಸಿದ ಗುಡ್‌ವಿಲ್ ಅನ್ನ ಪುಸ್ತಕದಾಗ ಆಸ್ತಿ ಅಂತ ಬರಿಯೋ ಹಂಗಿಲ್ಲ. ಅದರ ಬೆಲಿ ಕಟ್ಟೋದು ಯಾವಾಗ? ಹೊಸ ಪಾರ್ಟನರ್ ಬಂದಾಗ, ಇದ್ದಾಂವ ಬಿಟ್ಟು ಹೋದಾಗ, ಇಲ್ಲಾ ಸತ್ತಾಗ.

ಪರೀಕ್ಷಾಕ್ಕ ಈ ಲೆಕ್ಕ ಎಷ್ಟ ಸಲ ಮಾಡೀನಿ. "ಮೃತ ಪಾಲುದಾರನ ಗುಡ್‌ವಿಲ್ ಪಾಲನ್ನು ಆತನ ಬಂಡವಾಳ ಖಾತೆಗೆ ಜಮಾ ಮಾಡಿ." ಈ ಶ್ರಾವಣದಾಗ ಆ ಸಾಲು ಓದಾಕ ಆಗಲಿಲ್ಲ.

ನನ್ನ ದೋಸ್ತ ಒಬ್ಬ ಈ ಮಾತಿಗೆ ನಕ್ಕ. ಕಾಲೇಜಿನ ಗ್ಯಾದರಿಂಗ್ ನಾಟಕದಾಗ ಆಂವ ಯಾವಾಗಲೂ ಹೀರೋ. "ಸೈಡ್ ರೋಲ್ ಯಾರರೆ ಮಾಡತಾರಲೇ. ಪಾತ್ರ ಸಣ್ಣದಿದ್ರ ಹೆಸರೂ ಸಣ್ಣದ, ಇದರಾಗ ಅನ್ಯಾಯ ಏನೈತಿ?" ಅಂದ. ಆಂವನ ಮಾತಿನ್ಯಾಗ ಅರ್ಧಾ ಸತ್ಯ ಐತಿ. ಎಲ್ಲಾರ ಹೆಸರು ಒಂದ ಅಳತಿ ಅಕ್ಷರದಾಗ ಹಾಕ್ರಿ ಅಂತ ನಾನೂ ಹೇಳೂದಿಲ್ಲ. ಹೀರೋಗ ಹೊರಿ ಜಾಸ್ತಿ, ಸೋತ್ರ ಬೈಗುಳಾನೂ ಅವಗ. ಆದ್ರ "ಯಾರರೆ ಮಾಡತಾರ" ಅನ್ನೋ ಮಾತೈತಲ್ಲಾ, ಅದು ಶುದ್ಧ ಸುಳ್ಳು. ಯಾಕಂದ್ರ ನಮ್ಮೂರಾಗ ಒಮ್ಮಿ ಯಾರರೆ ಮಾಡಿದ್ರು.

ಆ ವರ್ಷ ಮಾಮಾಗ ಡೆಂಗಿ ಆಗಿತ್ತು. ಥ್ಯಾಕರೆ ಪಾತ್ರಕ್ಕ ಬ್ಯಾರೆ ಹುಡುಗನ್ನ ನಿಲ್ಲಿಸಿದ್ರು. ನೋಡಾಕ ಬೆಳ್ಳಗ, ಎತ್ತರ, ಮಾಮಾನಕಿಂತ ಛಲೋ ಇಂಗ್ಲಿಷರಂಗ ಕಾಣತಿದ್ದ. ಗುಂಡಿನ ಸೀನಿನ್ಯಾಗ ಪರದೆ ಹಿಂದ ಒಬ್ಬಾಂವ ಪಟಾಕಿ ಹಚ್ಚಬೇಕು, ಬಾಳಪ್ಪ ಬಂದೂಕ ಎತ್ತಬೇಕು, ಥ್ಯಾಕರೆ ಬೀಳಬೇಕು. ಬಾಳಪ್ಪ ಬಂದೂಕ ಎತ್ತಿದ. ಪಟಾಕಿ ಹಸಿ ಆಗಿತ್ತು, ಹಾರಲಿಲ್ಲ. ಹುಡುಗ ಗಾಬರಿಯಾಗಿ ಸಪ್ಪಳಿಲ್ಲದ ಬಿದ್ದ. ಬಿದ್ದ ಮ್ಯಾಲ ಪಟಾಕಿ ಢಂ ಅಂತು. ಹುಡುಗ ಹೌಹಾರಿ ಎದ್ದು ಕುಂತ! ಜಾತ್ರಿ ಮಂದಿ ಸೀಟಿ ಹೊಡದು ಹೊಡದು ಬಿದ್ದ ಬಿದ್ದ ನಕ್ರು. ನಕ್ಕಿದ್ದು ಥ್ಯಾಕರೆಗೆ, ಮರ್ಯಾದಿ ಹೋಗಿದ್ದು ಬಾಳಪ್ಪಂದು. ಆ ರಾತ್ರಿ ಬಾಳಪ್ಪಗ ಒಂದ ಆಯೇರಿ ಬರಲಿಲ್ಲ. ಪ್ರತಿ ವರ್ಷ ಮೈಕಿನ್ಯಾಗ ಹೆಸರ ಕೂಗಿ ನೂರು, ಐನೂರು ಹಚ್ಚತಿದ್ದ ಮಂದಿ ಅವತ್ತ ಸುಮ್ಮ ಕುಂತಿದ್ರು.

ಮುಂದಿನ ವರ್ಷವೂ ಪಟಾಕಿ ಕೈ ಕೊಟ್ಟಿತು. ಮಾಮಾ ಎದಿ ಮ್ಯಾಲ ಕೈ ಇಟ್ಟು, ಬಾಳಪ್ಪನ ಕಡೆ ಎರಡ ಹೆಜ್ಜಿ ನಡದು, ಏನೋ ಇಂಗ್ಲಿಷಿನಂಗ ಬೈದು, ಟೊಪ್ಪಿಗಿ ಸರಿ ಮಾಡ್ಕೊಂಡು, ಪಟಾಕಿ ಹಾರೋತನಕ ಹೊತ್ತು ಕಳದ. ಢಂ ಅಂದ ಕೂಡಲೆ ಬಿದ್ದ. ಪಟಾಕಿ ತಡಾ ಆತು ಅಂತ ಯಾರಿಗೂ ಗೊತ್ತಾಗಲಿಲ್ಲ. ಬಾಳಪ್ಪಗ ಸಾವಿರದ ಒಂದು ಆಯೇರಿ.

7/8

ಮಾಮಾನ ಕೆಲಸ ಥ್ಯಾಕರೆ ಸಾಯೋದ್ರ ಜೋಡಿ ಮುಗೀತಿರಲಿಲ್ಲ. ಎರಡನೇ ಯುದ್ಧಕ್ಕ ಚಾಪ್ಲಿನ್ ಬರತಾನಲ್ಲಾ, ಅದಕ್ಕ ಬ್ಯಾರೆ ಕಲಾವಿದ ಎಲ್ಲಿಂದ ತರೋದು? ಸ್ತ್ರೀ ಪಾತ್ರದವರಿಗೆ, ಸೀನ್ಸ್ ಬಾಡಿಗಿಗೆ ಕೊಟ್ಟು ಕಮಿಟಿ ರೊಕ್ಕ ಮುಗದಿರತೈತಿ. ಮಾಮಾ ಒಳಗ ಹೋಗಿ, ಸಫೇದ ಇನ್ನೊಮ್ಮಿ ಬಳಕೊಂಡು, ಮೀಸಿ ಹಚ್ಚಿ, ಟೊಪ್ಪಿಗಿ ಬದಲ ಮಾಡಿ ಚಾಪ್ಲಿನ್ ಆಗಿ ಬರತಿದ್ದ. ನಡಿಗಿ ಬ್ಯಾರೆ, ದನಿ ಬ್ಯಾರೆ. ಬೂಟ್ ಮಾತ್ರ ಅವ, ಮಿಲಿಟರಿಯಿಂದ ರಿಟೈರ್ ಆಗಿ ಬಂದ ಒಬ್ಬ ಅಜ್ಜಾರವು, ಕಾಲಿಗೆ ಒಂದ ಸೈಜ್ ದೊಡ್ಡವು. ಒಳಗ ಅರಬಿ ತುರುಕತಿದ್ದ.

ಹತ್ತೊಂಬತ್ತ ವರ್ಷದಾಗ ನಮ್ಮೂರಾಗ ನಾಲ್ಕ ರಾಯಣ್ಣ ಆಗಿ ಹೋದ್ರು. ಒಬ್ಬಾಂವ ಮಿಲಿಟರಿ ಸೇರಿದ, ಒಬ್ಬಾಂವ ಪುಣೆಕ ಕೆಲಸಕ್ಕ ಹೋದ, ಒಬ್ಬಾಂವಗ ಮದಿವಿ ಆಗಿ ಹೆಂಡ್ತಿ ಬ್ಯಾಡ ಅಂದ್ಲು, ಈಗಿನಾಂವ ನನ್ನ ಸಾಲಿ ದೋಸ್ತ. ನಾಲ್ಕೂ ಮಂದಿಗೆ ತಾಲೀಮಿನ್ಯಾಗ ಕತ್ತಿ ಹಿಡಿಯೋದು ಕಲಿಸಿದಾಂವ ಥ್ಯಾಕರೆ. ಇದನ್ನ ನಾನು ಅಲಂಕಾರಕ್ಕ ಹೇಳಾಕತ್ತಿಲ್ಲ, ನಿಜವಾಗಿ ವೈಂಡಿಂಗ್ ಅಂಗಡಿ ಮುಂದ, ರಾತ್ರಿ ಒಂಬತ್ತರ ಮ್ಯಾಲ, ಕಬ್ಬಿಣದ ಪಟ್ಟಿ ಹಿಡದು ಕಲಿಸತಿದ್ದ. ತೊಬೇಯ್ ತಾಚಿಬಾನಾನ ನೋಡಿದಾಗ ನನಗ ಯಾಕ ಗಂಟಲ ಕಟ್ಟಿತು ಅಂತ ಈಗ ನಿಮಗ ತಿಳಿದಿರಬೇಕು.

ಇನ್ನೊಬ್ಬರನ್ನ ಇಲ್ಲಿ ನೆನಸದಿದ್ರ ತಪ್ಪಾಗತೈತಿ. ನಮ್ಮ ಸವದತ್ತಿ ಸೀಮಿಯವರ ಆದ ಏಣಗಿ ಬಾಳಪ್ಪ ಅಜ್ಜಾರು. 1914ರಾಗ ಏಣಗಿಯೊಳಗ ಹುಟ್ಟಿ, 2017ರ ಆಗಸ್ಟ್‌ದಾಗ ನೂರು ದಾಟಿ ತೀರಿಕೊಂಡವರು. ಸಣ್ಣವರಿದ್ದಾಗ ಸ್ತ್ರೀ ಪಾತ್ರ, ಮುಂದ ಕಲಾವೈಭವ ನಾಟ್ಯ ಸಂಘ ಕಟ್ಟಿ ಬಸವೇಶ್ವರರ ಪಾತ್ರಕ್ಕ ಹೆಸರಾದವರು. ಅವರ ಹೆಸರು ದೊಡ್ಡದಾಗಿ ಉಳೀತು, ಉಳೀಲೇಬೇಕು. ಆದ್ರ ಅವರಂಥವರ ಕಂಪನಿಯೊಳಗ ಬಿಜ್ಜಳ ಆದವರು, ಕೊಂಡಿ ಮಂಚಣ್ಣ ಆದವರು, ಮಂದಿಯಿಂದ ಬೈಸಿಕೊಂಡವರು ಎಷ್ಟೋ ಮಂದಿ ಇದ್ದಿರಬೇಕು. ಕೆಟ್ಟವರ ಪಾತ್ರ ಮಾಡಿದವರಿಗೆ ಬೈಗುಳ ಬಿದ್ರ ಅದ ಆಯೇರಿ ಅಂತ ಮಾಮಾ ಅಂತಿದ್ದ. ಒಮ್ಮಿ ಒಬ್ಬ ಮುದುಕಿ ನಾಟಕದ ಮರುದಿನ ಅಂಗಡಿಗೆ ಬಂದು "ನಮ್ಮ ಚೆನ್ನವ್ವಗ ಹಂಗ ಮಾತಾಡ್ತೀ ಏನಲೇ?" ಅಂತ ಬೈದಿದ್ಲು. ಮಾಮಾ ಆಕಿಗೆ ಚಾ ಕುಡಿಸಿ ಕಳಿಸಿದ. ಇಡೀ ವಾರ ಅದನ್ನ ಹೇಳ್ಕೊಂತ ತಿರಗ್ಯಾಡಿದ.

ಪೋಸ್ಟರ್ ವಿಷಯ ಹೇಳಲಾ? ಹೋದ ವರ್ಷದ ಹ್ಯಾಂಡಬಿಲ್ ನನ್ನ ಹಂತೇಕ ಐತಿ. ಮ್ಯಾಲ ದೇಣಿಗಿ ಕೊಟ್ಟ ಇಪ್ಪತ್ತೆಂಟ ಮಂದಿ ಫೋಟೋ, ಗಾಗಲ್ ಹಾಕ್ಕೊಂಡು. ಕೆಳಗ ಚೆನ್ನಮ್ಮ, ರಾಯಣ್ಣ, ಬಾಳಪ್ಪ, ಮಲ್ಲಸರ್ಜ ಇಷ್ಟ ಮಂದಿ ಹೆಸರು. ಆಮ್ಯಾಲ "ಮತ್ತು ಇತರರು". ನಮ್ಮ ಮಾಮಾ ಆ ಎರಡ ಶಬ್ದದ ಒಳಗ ಎಲ್ಲೋ ಅದಾನ.

8/8

ಈಗ ಬರಿಯೋದು ಬಿಟ್ಟ ನಡದಿದ್ದೆ. ಆದ್ರ ಮ್ಯಾಲಿನ ಏಳೂ ಪೋಸ್ಟ್‌ನ್ಯಾಗ ಕಮಿಟಿಯವರನ್ನ, ಅಮೆರಿಕಾದವರನ್ನ, ದೋಸ್ತನ್ನ, ಎಲ್ಲಾರನ್ನೂ ಬೈದು ಒಂದ ಮಾತ ಮುಚ್ಚಿಟ್ಟಿದ್ದೆ.

ಮೊದಲನೇ ಪೋಸ್ಟಿನ ಫೋಟೋ ತಗದಾಂವ ನಾನ.

ಹೊಸ ಮೊಬೈಲ್ ತಗೊಂಡಿದ್ದೆ, ಕ್ಯಾಮರಾ ಛಲೋ ಇತ್ತು, ಎಲ್ಲಾರೂ "ನೀನ ಹೊಡಿ" ಅಂದ್ರು. ಮಾಮಾ ಎಡಗಡೆ ನಿಂತಿದ್ದ, ಸಫೇದ ಇನ್ನೂ ಒರಸಿರಲಿಲ್ಲ, ಟೊಪ್ಪಿಗಿ ಬಗಲಾಗ ಇತ್ತು. ಫ್ರೇಮಿನ್ಯಾಗ ಹಿಡೀಲಿಲ್ಲ. ನಾನು ಹಿಂದ ಎರಡ ಹೆಜ್ಜಿ ಸರದಿದ್ರ ಸಾಕಾಗಿತ್ತು, ಹಿಂದ ಜಾಗಾ ಇತ್ತು. ಆದ್ರ ನಾನು ಅಂದೆ, "ಮಾಮಾ, ಒಂದೀಟ ಆಚೆ ಸರೀ, ರಾಯಣ್ಣ ಸೆಂಟರ್ ಬರವಲ್ಲ." ಮಾಮಾ ಸರದ. "ಇಷ್ಟ ಸಾಕೇನು?" ಅಂತ ಕೇಳಿದ. ಸಾಕು ಅಂದೆ.

ಆ ಮ್ಯಾಲ ಮುನ್ನೂರ ಚಿಲ್ರ ಲೈಕ್ ಬಂದುವು ಆ ಫೋಟೋಕ್ಕ. ಮೊದಲ ಲೈಕ್ ಮಾಮಾಂದು. ಈಗಲೂ ಐತಿ, ಕೆಳಗ ಹೋಗಿ ನೋಡಿದ್ರ ಕಾಣತೈತಿ.

ಅದಕ್ಕ ನನ್ನ ಅಭಿಪ್ರಾಯ ಏನಂದ್ರ, ಅಭಿಪ್ರಾಯಕ್ಕಿಂತ ಕೆಲಸ ಅನ್ರಿ: ಬರೋ ಜಾತ್ರಿ ನಾಟಕದ ಹ್ಯಾಂಡಬಿಲ್ ಡಿಸೈನ್ ನಾನ ಮಾಡಿಕೊಡತೀನಿ, ರೊಕ್ಕ ಬ್ಯಾಡ. ಕಮಿಟಿಯವರಿಗೆ ಹೇಳೀನಿ, ದೇಣಿಗಿಯವರ ಫೋಟೋ ಒಂದ ಕೈಬೆರಳ ಸಣ್ಣ ಮಾಡಿದ್ರ ಎಲ್ಲಾ ಪಾತ್ರದವರ ಹೆಸರೂ ಹಿಡಿತಾವು. ಒಬ್ಬ ಹಿರಿಯರು ಹೂಂ ಅಂದಾರ, ಇಬ್ಬರು ಇನ್ನೂ ಅಂದಿಲ್ಲ. ಗ್ಯಾದರಿಂಗ್ ಪೋಸ್ಟರಿಗೂ ಇದನ್ನ ಕೇಳಾಂವ ಅದೀನಿ. ದೋಸ್ತ, ನಿನ್ನ ಹೆಸರು ದೊಡ್ಡದಾಗೇ ಇರತೈತಿ, ಹೆದರಬ್ಯಾಡ. ಮತ್ತ ಕ್ಲಾಸಿನ ಫೋಟೋಗ್ರಾಫರ್ ಗೆಳತ್ಯಾರ, ನಿಮಗ ಒಂದ ಮಾತು, ಅವರನ್ನ ಸರಸೋಕಿಂತ ನೀವ ಹಿಂದ ಸರೀರಿ.

ಇನ್ನ ಒಂದ ಬೇಡಿಕಿ. ಚಚಡಿ, ಬೈಲಹೊಂಗಲ, ಯರಗಟ್ಟಿ, ಸವದತ್ತಿ ಕಡೆಯವರು ಯಾರರೆ ಹಿಂದಿನ ವರ್ಷಗಳಾಗ ನಮ್ಮೂರ ಜಾತ್ರಿ ನಾಟಕಕ್ಕ ಬಂದು ವಿಡಿಯೋ ಮಾಡಿದ್ರ, ಗುಂಡಿನ ಸೀನು ನಿಮ್ಮ ಮೊಬೈಲಿನ್ಯಾಗ ಇದ್ದೇ ಇರತೈತಿ. ನೀವ ತಗದದ್ದು ಬಾಳಪ್ಪನ್ನ ಆಗಿರತೈತಿ, ನನಗ ಗೊತ್ತು. ಬಂದೂಕ ಯಾರ ಕಡೆ ಐತಿ ನೋಡ್ರಿ, ಆ ಕಡೆ ಕೆಂಪ ಕೋಟು ಇರತೈತಿ. ಅದನ್ನ ಡಿಎಂ ಮಾಡ್ರಿ. ಅಲಗಾಡಿದ್ದಿದ್ರೂ ನಡೀತೈತಿ, ಕತ್ತಲಿದ್ರೂ ನಡೀತೈತಿ. ವರ್ಷಾಂತಕದ ಬ್ಯಾನರಿಗೆ ಅತ್ತಿ ಇನ್ನೂ ಕಾಯಾಕತ್ಯಾಳ.